ಮರಳೊಳಗಣ ಕ್ರೋರಯಿನ ರಾಜ್ಯ

೧

ಕಾಶ್ಮೀರಕ್ಕೂ ಉತ್ತರದಲ್ಲಿ, ಕುನ್‌ಲುನ್ ಪರ್ವತಗಳ ಆಚೆಗೆ, ತಕ್ಲಮಕಾನ್ ಎಂಬ ಮಹಾಮರುಭೂಮಿಯು ಹರಡಿಕೊಂಡಿರುವುದು. ಅದರ ಬಡಗಣ ಎಲ್ಲೆ ಟಿಯೆನ್‌ಷಾನ್ ಪರ್ವತಪಂಕ್ತಿ. ಈ ಎರಡು ಶ್ರೇಣಿಗಳ ಹಿಮವು ಕರಗಿ ನದಿಗಳಾಗಿ ಇಳಿದು ಬಂದು, ಸಮುದ್ರವನ್ನು ಕಾಣದೆಯೇ ಮರಳಿನಲ್ಲಿ ಇಂಗಿಹೋಗುತ್ತವೆ. ನೀರು ಎಷ್ಟು ದೂರ ಹರಿಯುವುದೋ ಅಷ್ಟು ದೂರ ಮರ, ಹೊಲ, ಊರು. ಅದರಾಚೆಗೆ ಬರಿಯ ಮರಳು. ನದಿಗಳಲ್ಲೆಲ್ಲ ದೊಡ್ಡದಾದ ತಾರಿಮ್ ನದಿಯು ಮೂಡಣ ದಿಕ್ಕಿಗೆ ಹರಿದು, ಲೋಪ್ ನೋರ್ ಎಂಬ ಉಪ್ಪುನೀರಿನ ಸರೋವರವನ್ನು ಸೇರುತ್ತಿದ್ದಿತು. ಆ ಸರೋವರದ ಸುತ್ತಣ ಪ್ರದೇಶದಲ್ಲಿ, ಕ್ರಿಸ್ತನಿಗೆ ಎರಡು ಶತಮಾನ ಹಿಂದಿನಿಂದ ಕ್ರಿಸ್ತಾಬ್ದದ ಐದನೆಯ ಶತಮಾನದ ಮಧ್ಯದವರೆಗೆ, ಒಂದು ಸಣ್ಣ ರಾಜ್ಯವು ಬಾಳಿ ಅಳಿಯಿತು. ಚೀನೀಯರು ಅದನ್ನು ಮೊದಲು ಲೌಲಾನ್ ಎಂದೂ, ಅನಂತರ ಶಾನ್‌ಶಾನ್ ಎಂದೂ ಕರೆದರು. ಆ ನಾಡಿನಲ್ಲೇ ಬರೆದ ಲೇಖಗಳಲ್ಲಿ ಅದರ ಹೆಸರು ಕ್ರೋರಯಿನ.

ಈ ರಾಜ್ಯದ ವಿಷಯವನ್ನು ಹೇಳುವ ಸಾಕ್ಷಿಗಳು ಎರಡು. ಒಂದು, ಚೀನ ದೇಶದ ಇತಿಹಾಸಗ್ರಂಥಗಳು. ಇನ್ನೊಂದು, ಮರಳಿನಡಿಯಲ್ಲಿ ಸಾವಿರದ ಆರುನೂರು ವರ್ಷ ಹೂತಿದ್ದು ಇಪ್ಪತ್ತನೆಯ ಶತಮಾನದ ಮೊದಲಲ್ಲಿ ಹೊರಬಿದ್ದ ಮರದ ಹಲಗೆಗಳು. ಮೊದಲನೆಯದು ಪರರು ಹೊರಗಿನಿಂದ ಕಂಡುದು. ಎರಡನೆಯದು ಆ ಜನರೇ ತಮ್ಮ ನಿತ್ಯದ ವ್ಯವಹಾರಕ್ಕಾಗಿ ಬರೆದುಕೊಂಡುದು. ಒಂದೇ ರಾಜ್ಯವು ಈ ಎರಡು ಕನ್ನಡಿಗಳಲ್ಲಿ ಎಷ್ಟು ಬೇರೆಬೇರೆಯಾಗಿ ತೋರುವುದೆಂಬುದು ಇತಿಹಾಸವನ್ನೋದುವವರೆಲ್ಲರೂ ಮನಗಾಣಬೇಕಾದ ಸಂಗತಿಯಾಗಿದೆ.

೨

ಲೌಲಾನಿನ ಹೆಸರು ಮೊಟ್ಟಮೊದಲು ಕೇಳಿಬರುವುದು ಅದರ ಸೋಲಿನ ವಾರ್ತೆಯಲ್ಲಿ. ಕ್ರಿ. ಪೂ. ೧೭೬ರಲ್ಲಿ, ಚೀನದ ಉತ್ತರದ ಹುಲ್ಲುಗಾವಲುಗಳನ್ನಾಳುತ್ತಿದ್ದ ಶಿಯೊಂಗ್‌ನು ಜನಾಂಗದ ಒಡೆಯನು ಹಾನ್ ಚಕ್ರವರ್ತಿಗೆ ಒಂದು ಪತ್ರವನ್ನು ಕಳುಹಿಸಿದನು. ತಾನು ಗೆದ್ದ ನಾಡುಗಳನ್ನು ಎಣಿಸಿ ಹೇಳುವಾಗ ಅವನು ಲೌಲಾನಿನ ಹೆಸರನ್ನೂ ಎತ್ತಿದನು. ಅದನ್ನು ತನ್ನ ಗ್ರಂಥದಲ್ಲಿ ಸೇರಿಸಿ ಉಳಿಸಿದವನು ಚೀನೀ ಇತಿಹಾಸದ ಪಿತಾಮಹನೆನಿಸಿದ ಸೀಮಾ ಚಿಯೆನ್. ಅನಂತರ ಕ್ರಿ. ಪೂ. ೧೩೮ರಲ್ಲಿ ಚಕ್ರವರ್ತಿ ವೂ-ತಿಯು ಪಶ್ಚಿಮಕ್ಕೆ ಕಳುಹಿಸಿದ ಚಾಂಗ್ ಚಿಯೆನ್ ಎಂಬ ರಾಯಭಾರಿಯು ೧೨೬ರಲ್ಲಿ ಹಿಂದಿರುಗಿ, ಉಪ್ಪಿನ ಸರೋವರದ ಬಳಿ ಕೋಟೆಯುಳ್ಳ ಊರೊಂದಿದೆ, ಅದು ಲೌಲಾನ್ ಎಂದು ಅರಿಕೆಮಾಡಿದನು. ಅಂದಿನಿಂದ ಆ ರಾಜ್ಯದ ನೆಮ್ಮದಿ ಹೋಯಿತು. ಚೀನದಿಂದ ಪಶ್ಚಿಮಕ್ಕೆ ಹೋಗುವ ಹಾದಿಯು ಅದರ ಬಾಗಿಲ ಮುಂದೆಯೇ ಇದ್ದಿತು. ರಾಯಭಾರಿಗಳ ತಂಡಗಳು ಒಂದರ ಹಿಂದೊಂದು ಬರತೊಡಗಿದುವು. ಅವರಿಗೆಲ್ಲ ದಾರಿ ತೋರಿಸುವ, ನೀರು ಹೊರುವ, ಧಾನ್ಯ ಒದಗಿಸುವ ಭಾರ ಲೌಲಾನಿನ ಜನರ ಮೇಲೆ ಬಿದ್ದಿತು.

ಅಷ್ಟು ಭಾರವನ್ನು ಹೊರಲು ಆ ರಾಜ್ಯದಲ್ಲಿದ್ದುದು ಎಷ್ಟು ಜನ? ಹಾನ್ ವಂಶದ ಇತಿಹಾಸವನ್ನು ಬರೆದ ಪಾನ್ ಕು ಎಂಬವನು ಲೆಕ್ಕವನ್ನು ಕೊಟ್ಟಿರುವನು: ಮನೆಗಳು ೧,೫೭೦, ಜನರು ೧೪,೧೦೦, ಆಯುಧ ಹಿಡಿಯಬಲ್ಲವರು ೨,೯೧೨. ಈಗಿನ ಒಂದು ಹೋಬಳಿಯ ಜನಕ್ಕಿಂತ ಹೆಚ್ಚಲ್ಲ. ನೆಲವು ಮರಳು, ಉಪ್ಪು, ಹೊಲಗಳು ಕಡಮೆ, ಧಾನ್ಯಕ್ಕಾಗಿ ನೆರೆಯ ರಾಜ್ಯಗಳನ್ನು ಎದುರು ನೋಡಬೇಕು, ಜನರು ಕತ್ತೆ, ಕುದುರೆ, ಒಂಟೆಗಳನ್ನು ಸಾಕಿಕೊಂಡು ನೀರೂ ಹುಲ್ಲೂ ಇದ್ದ ಕಡೆಗೆ ಅಲೆಯುವರು ಎಂದು ಆತನು ವರ್ಣಿಸಿರುವನು. ಸರ್ಕಾರದ ಜನಗಣತಿಯಂತೆ ಚೊಕ್ಕವಾದ ಬರವಣಿಗೆ.

ಭಾರವನ್ನು ತಾಳಲಾರದೆ ಲೌಲಾನಿನವರು ಚೀನದ ರಾಯಭಾರಿಗಳನ್ನು ತಡೆದು ಸುಲಿದರು. ಕ್ರಿ. ಪೂ. ೧೦೮ರಲ್ಲಿ ಚಾವೋ ಪೋನು ಎಂಬ ಸೇನಾನಿಯು ಕೇವಲ ಏಳುನೂರು ರಾವುತರೊಡನೆ ಬಂದು ರಾಜನನ್ನು ಸೆರೆಹಿಡಿದನು. ರಾಜನು ಚೀನಕ್ಕೆ ಅಧೀನನಾದನು. ಆ ಸುದ್ದಿಯನ್ನು ಕೇಳಿ ಶಿಯೊಂಗ್‌ನುಗಳು ಮೇಲೆ ಬಿದ್ದರು. ಅತ್ತ ದರಿ, ಇತ್ತ ಪುಲಿ. ರಾಜನು ಒಬ್ಬ ಮಗನನ್ನು ಚೀನಕ್ಕೂ, ಇನ್ನೊಬ್ಬ ಮಗನನ್ನು ಶಿಯೊಂಗ್‌ನುಗಳಿಗೂ ಒತ್ತೆಯಾಳಾಗಿ ಕಳುಹಿಸಿಕೊಟ್ಟನು. ಈ ಇಬ್ಬಗೆಯ ನಡತೆಗಾಗಿ ಅವನನ್ನು ಚಕ್ರವರ್ತಿಯ ಆಸ್ಥಾನಕ್ಕೆ ಹಿಡಿದು ತಂದು ವಿಚಾರಿಸಿದಾಗ, ಎರಡು ದೊಡ್ಡ ರಾಜ್ಯಗಳ ನಡುವೆ ಸಿಕ್ಕಿದ ಸಣ್ಣ ರಾಜ್ಯಕ್ಕೆ ಎರಡನ್ನೂ ಓಲೈಸದೆ ಬದುಕಿಲ್ಲವೆಂದೂ, ಬೇಕಾದರೆ ತನ್ನ ಜನರನ್ನೆಲ್ಲ ಕರೆದುಕೊಂಡು ಚೀನದ ಗಡಿಯೊಳಗೆ ಬಂದು ನೆಲಸುವೆನೆಂದೂ ಅವನು ಬಿನ್ನವಿಸಿದನು. ಮಾತು ನೇರವಾಗಿದ್ದುದನ್ನು ಕಂಡು ವೂ-ತಿಯು ಅವನನ್ನು ಬಿಟ್ಟು ಕಳುಹಿಸಿದನು. ಲೌಲಾನಿನ ರಾಜರಲ್ಲಿ ಯಾರೊಬ್ಬರ ಮನಸ್ಸಾದರೂ ಚೀನೀ ಗ್ರಂಥಗಳಲ್ಲಿ ತೆರೆದು ಕಾಣುವುದಾದರೆ ಅದು ಈ ಒಂದೆಡೆಯಲ್ಲಿ ಮಾತ್ರ.

ಮುಂದಿನ ಕಥೆ ಇನ್ನೂ ಕರುಣಾಜನಕವಾದುದು. ಕ್ರಿ. ಪೂ. ೯೨ರಲ್ಲಿ ರಾಜನು ತೀರಿಕೊಂಡನು. ಚೀನದಲ್ಲಿದ್ದ ರಾಜಕುಮಾರನನ್ನು ಪಟ್ಟಕ್ಕೆ ಕಳುಹಿಸಿಕೊಡಬೇಕೆಂದು ಪ್ರಜೆಗಳು ಬೇಡಿದರು. ಆದರೆ ಅವನು ಯಾವುದೋ ಅಪರಾಧಕ್ಕೆ ಸಿಕ್ಕಿ, ಅಲ್ಲಿನ ಕಾನೂನಿನಂತೆ ವೃಷಣಚ್ಛೇದದ ಶಿಕ್ಷೆಯನ್ನು ಹೊಂದಿದ್ದನು. ಚಕ್ರವರ್ತಿಗೆ ಅವನ ಮೇಲೆ ಬಹಳ ಪ್ರೀತಿ, ಅಗಲಿರಲಾರನು ಎಂಬ ನೆಪವನ್ನು ಹೇಳಿ ಚೀನೀಯರು ಬೇರೊಬ್ಬನನ್ನು ಪಟ್ಟಕ್ಕೆ ಸೂಚಿಸಿದರು. ಆ ಬೇರೊಬ್ಬನೂ ಕೆಲಕಾಲದ ಮೇಲೆ ಸಾಯಲು, ಶಿಯೊಂಗ್‌ನುಗಳು ಮೊದಲು ಸುದ್ದಿ ತಿಳಿದು ತಮ್ಮಲ್ಲಿದ್ದ ಒತ್ತೆಯಾಳನ್ನು ತಂದು ಕೂರಿಸಿದರು. ಈ ಹೊಸ ರಾಜನು ಚೀನದ ರಾಯಭಾರಿಗಳನ್ನು ಕೊಲ್ಲಿಸಿದನೆಂಬ ಆರೋಪ ಬಂದಿತು. ಕ್ರಿ. ಪೂ. ೭೭ರಲ್ಲಿ ಮಂತ್ರಿ ಹೋ ಕ್ವಾಂಗನ ಅಪ್ಪಣೆಯಂತೆ ಫು ಚಿಯೇತ್ಸು ಎಂಬವನು ಚಿನ್ನವನ್ನೂ ರೇಷ್ಮೆಯನ್ನೂ ಉಡುಗೊರೆಯೆಂದು ಹೊರಿಸಿಕೊಂಡು ಬಂದನು. ರಾಜನಿಗೆ ಮದ್ಯವನ್ನು ಕುಡಿಸಿ, ಚಕ್ರವರ್ತಿಯ ಗುಟ್ಟಿನ ಮಾತೊಂದಿದೆ ಎಂದು ಡೇರೆಯೊಳಕ್ಕೆ ಕರೆದನು. ಹಿಂದಿನಿಂದ ಇಬ್ಬರು ಭಟರು ಇರಿದು ಕೊಂದರು. ಆ ತಲೆಯನ್ನು ರಾಜಧಾನಿಯಾದ ಚಾಂಗ್-ಆನಿಗೆ ಕೊಂಡೊಯ್ದು ಉತ್ತರದ ಬಾಗಿಲಲ್ಲಿ ತೂಗುಹಾಕಿದರು. ಸತ್ತವನ ತಮ್ಮನಿಗೆ ಪಟ್ಟವಾಯಿತು. ರಾಜ್ಯಕ್ಕೆ ಹೊಸ ಹೆಸರೂ ಬಂದಿತು. ಶಾನ್‌ಶಾನ್ ಎಂಬ ಆ ಹೆಸರನ್ನು ಇಟ್ಟವರು ಕೊಂದವರೇ. ಅತಿಥಿಯಂತೆ ಬಂದು ಆತಿಥೇಯನನ್ನು ಕೊಂದವನಿಗೆ ಸ್ವದೇಶದಲ್ಲಿ ಪ್ರಭುಪದವಿಯು ದೊರೆಯಿತು.

ಇದಾದ ಮೇಲೆಯೂ ರಾಜ್ಯವು ಐದು ಶತಮಾನ ಉಳಿಯಿತು. ಕ್ರಿಸ್ತಾಬ್ದದ ಮೊದಲ ಶತಮಾನದಲ್ಲಿ ಅದು ಪಶ್ಚಿಮದ ಚಿಕ್ಕ ಸಂಸ್ಥಾನಗಳನ್ನು ಕೆಲವನ್ನು ತನ್ನೊಳಗೆ ಸೇರಿಸಿಕೊಂಡು ಬೆಳೆಯಿತು. ಸುಮಾರು ಕ್ರಿ. ಶ. ೪೦೦ರಲ್ಲಿ ಭಾರತದ ಕಡೆಗೆ ಹೊರಟ ಫಾಹಿಯಾನನು ತುನ್‌ಹುವಾಂಗಿನಿಂದ ಹದಿನೇಳು ದಿನ ಮರಳುಗಾಡಿನಲ್ಲಿ ನಡೆದು ಇಲ್ಲಿಗೆ ಬಂದನು. ರಾಜನು ಬೌದ್ಧಧರ್ಮವನ್ನು ಗೌರವಿಸುತ್ತಿದ್ದನೆಂದೂ, ಹೀನಯಾನಪಂಥದ ಸುಮಾರು ನಾಲ್ಕು ಸಾವಿರ ಭಿಕ್ಷುಗಳಿದ್ದರೆಂದೂ, ಅವರು ಭಾರತದ ಗ್ರಂಥಗಳನ್ನೂ ಭಾರತದ ಭಾಷೆಯನ್ನೂ ಅಭ್ಯಾಸಮಾಡುತ್ತಿದ್ದರೆಂದೂ ಆ ಯಾತ್ರಿಕನು ಬರೆದಿರುವನು. ೪೪೫ರಲ್ಲಿ ಉತ್ತರ ವೇಯ್ ವಂಶದ ಸೇನೆಯು ಬಂದು ಕಡೆಯ ರಾಜನನ್ನು ಸೆರೆಯೊಯ್ದಿತು. ಎರಡು ಶತಮಾನಗಳ ಮೇಲೆ ಭಾರತದಿಂದ ಹಿಂದಿರುಗುತ್ತಿದ್ದ ಹ್ಯೂಯೆನ್‌ತ್ಸಾಂಗನು ಆ ಸ್ಥಳವನ್ನು ಹಾದುಹೋಗುವಾಗ, ಇದು ಹಿಂದಿನ ಲೌಲಾನ್ ಎಂದಷ್ಟೇ ಗುರುತಿಸಿದನು.

೩

ಅಲ್ಲಿಂದ ಮುಂದೆ ಸಾವಿರ ವರ್ಷಕ್ಕೂ ಮೇಲ್ಪಟ್ಟು ಮೌನ. ೧೯೦೦ನೆಯ ಮಾರ್ಚಿ ತಿಂಗಳಲ್ಲಿ ಸ್ವೀಡನ್ ದೇಶದ ಸ್ವೆನ್ ಹೆಡಿನ್ ಎಂಬ ಭೂಸಂಚಾರಿಯು ಲೋಪ್ ನೋರ್ ಪ್ರದೇಶವನ್ನು ಅಳೆಯುತ್ತ ಸಾಗಿದ್ದನು. ಒಂದೆಡೆ ನೀರಿಗಾಗಿ ಅಗೆಯಬೇಕೆಂದಾಗ, ಹಿಂದಿನ ಬೀಡಿನಲ್ಲಿ ಸಲಿಕೆಯನ್ನು ಮರೆತು ಬಂದಿದ್ದುದು ತಿಳಿಯಿತು. ಸ್ಥಳೀಯನಾದ ಮಾರ್ಗದರ್ಶಿ ಓರ್ದೆಕನು ಅದನ್ನು ತರಲು ಹಿಂದಿರುಗಿ, ಬಿರುಗಾಳಿಯಲ್ಲಿ ದಾರಿತಪ್ಪಿ, ಕೆತ್ತನೆಯ ಹಲಗೆಗಳು ಬಿದ್ದಿದ್ದ ಪಾಳೂರೊಂದನ್ನು ಕಂಡನು. ಮರುವರ್ಷ ಹೆಡಿನನು ಬಂದು ಅಗೆಸಿದಾಗ ಲೌಲಾನ್ ಎಂಬ ಹೆಸರುಳ್ಳ ಚೀನೀ ಬರಹಗಳೇ ದೊರೆತುವು. ಒಂದು ಸಲಿಕೆಯ ಮರೆವಿನಿಂದ ಒಂದು ನಗರವು ಮತ್ತೆ ಬೆಳಕಿಗೆ ಬಂದಿತು.

ಅದಕ್ಕೂ ಹೆಚ್ಚಿನ ನಿಧಿಯು ದೊರೆತುದು ಆ ರಾಜ್ಯದ ಪಡುವಣ ಎಲ್ಲೆಯಲ್ಲಿ. ೧೯೦೧ನೆಯ ಜನವರಿಯಲ್ಲಿ ಔರೆಲ್ ಸ್ಟೈನ್ ಪಂಡಿತರು ನಿಯಾ ಎಂಬ ಗ್ರಾಮದಲ್ಲಿ ತಂಗಿದ್ದಾಗ, ಹಳ್ಳಿಗನೊಬ್ಬನಲ್ಲಿ ಲಿಪಿಯುಳ್ಳ ಎರಡು ಹಲಗೆಗಳು ಕಣ್ಣಿಗೆ ಬಿದ್ದುವು. ಅವು ಸಿಕ್ಕಿದಾಗ ಅವುಗಳ ಬೆಲೆಯನ್ನು ಅರಿಯದೆ ಕೆಲವನ್ನು ಮಕ್ಕಳಿಗೆ ಆಟಕ್ಕೆ ಕೊಟ್ಟುಬಿಟ್ಟಿದ್ದರಂತೆ. ಲಿಪಿಯು ಬಲದಿಂದ ಎಡಕ್ಕೆ ಬರೆಯುವ ಖರೋಷ್ಠಿ. ಅಶೋಕನು ಗಾಂಧಾರಪ್ರಾಂತದ ತನ್ನ ಶಾಸನಗಳಿಗೆ ಬಳಸಿದುದೂ ಅದೇ. ಭಾಷೆಯು ಗಾಂಧಾರದ ಪ್ರಾಕೃತ. ಕುಷಾಣರ ಕಾಲದಲ್ಲಿ ಈ ಹಾದಿಯಲ್ಲಿ ಸಂಚರಿಸಿದ ವರ್ತಕರೊಡನೆಯೂ ಭಿಕ್ಷುಗಳೊಡನೆಯೂ ಅದು ಮರುಭೂಮಿಯ ಊರುಗಳಿಗೆ ಬಂದು ನೆಲಸಿದ್ದಿತು. ಸ್ಟೈನ್ ಪಂಡಿತರು ಮೂರು ಯಾತ್ರೆಗಳಲ್ಲಿ ಕಲೆಹಾಕಿದ ಈ ಲೇಖಗಳನ್ನು ಬೊಯೇ, ರಾಪ್ಸನ್, ಸೆನಾರ್ ಮೊದಲಾದ ವಿದ್ವಾಂಸರು ೧೯೨೦ರಿಂದ ೧೯೨೯ರೊಳಗೆ ಪ್ರಕಟಿಸಿದರು, ಸಂಖ್ಯೆ ೭೬೪. ಥಾಮಸ್ ಬರೋ ಪಂಡಿತರು ೧೯೩೭ರಲ್ಲಿ ಇವುಗಳ ವ್ಯಾಕರಣವನ್ನೂ, ೧೯೪೦ರಲ್ಲಿ ಅನುವಾದವನ್ನೂ ಹೊರತಂದರು. ಲೇಖಗಳು ಕ್ರಿ. ಶ. ಮೂರನೆಯ ಶತಮಾನದ ಮಧ್ಯದಿಂದ ಸುಮಾರು ನೂರು ವರ್ಷಗಳ ಅವಧಿಗೆ ಸೇರಿದುವು. ಪೇಪಿಯ, ತಜಕ, ಅಂಗೋಕ, ಮಹಿರಿ, ವಸ್ಮನ ಎಂಬ ಐವರು ರಾಜರ ಹೆಸರುಗಳು ಅವುಗಳಲ್ಲಿವೆ.

ರಾಜಾಜ್ಞೆಗಳ ರೂಪವು ಕುತೂಹಲಕರವಾಗಿದೆ. ಬೆಣೆಯಾಕಾರದ ಎರಡು ಹಲಗೆಗಳನ್ನು ಒಂದರ ಮೇಲೊಂದಿಟ್ಟು, ಒಳಮುಖದಲ್ಲಿ ಬರಹವನ್ನು ಅಡಗಿಸಿ, ಮೇಲಿನ ಹಲಗೆಯ ಮೂರು ಗೀರುಗಳಲ್ಲಿ ದಾರವನ್ನು ಸುತ್ತಿ, ಗುಳಿಯಲ್ಲಿ ಜೇಡಿಮಣ್ಣು ತುಂಬಿ ಮುದ್ರೆಯೊತ್ತುತ್ತಿದ್ದರು. ಇದಕ್ಕೆ ಅವರ ಹೆಸರು ಕೀಲಮುದ್ರಾ. ಮುದ್ರೆಗಳಲ್ಲಿ ಯವನರ ಅಥೀನಾ ದೇವತೆಯ ಮೂರ್ತಿಯುಂಟು. ಒಂದು ಹಲಗೆಯ ಮೇಲಂತೂ ಚೀನೀ ಅಕ್ಷರದ ಮುದ್ರೆಯೂ ಪಾಶ್ಚಾತ್ಯ ರೀತಿಯ ಮುಖಚಿತ್ರದ ಮುದ್ರೆಯೂ ಅಕ್ಕಪಕ್ಕದಲ್ಲಿವೆ. ಭಾರತದ ಭಾಷೆ, ಚೀನದ ಮುದ್ರೆ, ಯವನರ ದೇವತೆ ಮೂರೂ ಒಂದು ಗೇಣು ಮರದ ಮೇಲೆ ಕೂಡಿದಂತಾಯಿತು.

೪

ಸಂಸ್ಕೃತವನ್ನು ಬಲ್ಲವರಿಗೆ ಈ ಲೇಖಗಳ ಭಾಷೆಯು ಬಹಳ ದೂರದ್ದಲ್ಲ. ಆಜ್ಞೆಯ ಮೊದಲಲ್ಲಿ ಬರುವ “ಮಹನುಅವ ಮಹರಯ ಲಿಹತಿ” ಎಂಬುದು “ಮಹಾನುಭಾವೋ ಮಹಾರಾಜೋ ಲಿಖತಿ” ಎಂಬುದೇ ಸರಿ. ದೂರಿನ ವಿಚಾರಣೆಯ ಕೊನೆಗೆ, ಯಥಾಧರ್ಮವಾಗಿ ನಿಶ್ಚಯವನ್ನು ಮಾಡತಕ್ಕದ್ದು, ಅಲ್ಲಿ ಬಗೆಹರಿಯದಿದ್ದರೆ ಇಲ್ಲಿಗೆ ಕಳುಹಿಸತಕ್ಕದ್ದು ಎಂಬ ಕಟ್ಟಪ್ಪಣೆ. ಲಿಪಿಕಾರನಿಗೆ “ದಿವಿರ” ಎಂಬ ಹೆಸರು. ಕ್ಷೇಮೇಂದ್ರನು ಲೇವಡಿಮಾಡಿದ ಕಾಶ್ಮೀರದ ದಿವಿರರ ಪೂರ್ವಿಕರು ಇವರು. ಖಾಸಗಿ ಕಾಗದಗಳಲ್ಲಿ ಬಂಧುಗಳನ್ನು “ಪ್ರಿಯದರ್ಶನ”, “ದೇವಮನುಷ್ಯಸಂಪೂಜಿತ” ಎಂದು ಸಂಬೋಧಿಸಿ, ದಿವ್ಯಶರೀರದ ಆರೋಗ್ಯವನ್ನು ವಿಚಾರಿಸಿ, ಅನಂತರವೇ ಒಂಟೆಯ ವಿಷಯಕ್ಕೋ ಕಂದಾಯದ ಬಾಕಿಗೋ ಇಳಿಯುವರು.

ಪಾನ್ ಕುವಿನ ಲೆಕ್ಕದಲ್ಲಿ ನಿಯಾ ಪ್ರದೇಶವು ೪೮೦ ಮನೆ, ೩,೩೬೦ ಜನರ ಒಂದು ಕಿರಿಯ ಸಂಸ್ಥಾನ, ಕ್ರೋರಯಿನವು ನುಂಗಿಕೊಂಡವುಗಳಲ್ಲೊಂದು. ಹಲಗೆಗಳಲ್ಲಿ ಅದರ ಹೆಸರು ಚಡೋತ. ಆ ೩,೩೬೦ ಎಂಬ ಅಂಕಿಯೊಳಗೆ ಎಂಥ ಬಾಳು ಅಡಗಿದ್ದಿತೆಂಬುದನ್ನು ಹಲಗೆಗಳು ತೋರಿಸುತ್ತವೆ. ಮಾಟಗಾತಿಯರೆಂದು ಮೂವರು ಹೆಂಗಸರನ್ನು ಹೊರಗೆಳೆದು, ಇಬ್ಬರನ್ನು ಬಿಟ್ಟು ತನ್ನವಳೊಬ್ಬಳನ್ನು ಮಾತ್ರ ಕೊಂದರೆಂದು ಲಿಪೆಯನೆಂಬವನು ಅರಸನಿಗೆ ಮೊರೆಯಿಡುತ್ತಾನೆ; ಅವನಿಗೆ ಪರಿಹಾರವನ್ನು ಕೊಡಿಸಬೇಕೆಂದು ಆಜ್ಞೆಯಾಗುತ್ತದೆ. ಪರರ ಮಗುವನ್ನು ಸಾಕಿಕೊಂಡವರು ಹೆತ್ತವರಿಗೆ ಹಾಲಿನ ಬೆಲೆಯೆಂದು ಕುದುರೆಯನ್ನೋ ಒಂಟೆಯನ್ನೋ ಕೊಡಬೇಕು. ಕೊಡದಿದ್ದರೆ ಅದೊಂದು ವ್ಯಾಜ್ಯ. ಹಸಿಮರವನ್ನು ಬುಡಸಮೇತ ಕಡಿದವನಿಗೆ ದಂಡ ಒಂದು ಕುದುರೆ. ಕೊಂಬೆಯನ್ನು ಕಡಿದವನಿಗೆ ಒಂದು ಹಸು. ಮರಳನ್ನು ತಡೆದು ನಿಲ್ಲಿಸುವುದು ಮರ. ಮರಳಿನ ಅಂಚಿನಲ್ಲಿ ಬದುಕುವವರಿಗೆ ಅದರ ಬೆಲೆಯನ್ನು ಶಾಸ್ತ್ರವು ಬೋಧಿಸಬೇಕಾಗಿರಲಿಲ್ಲ.

ಚೀನದ ರೇಷ್ಮೆಯು ಅಲ್ಲಿ ನಾಣ್ಯದಂತೆ ನಡೆಯುತ್ತಿದ್ದಿತು. ರೇಷ್ಮೆಯ ಸಾಲದ ಒಂದು ವ್ಯಾಜ್ಯವನ್ನು, ಈಗ ಚೀನದ ವರ್ತಕರು ಬಂದಿಲ್ಲವಾದುದರಿಂದ, ಅವರು ಬಂದಮೇಲೆ ವಿಚಾರಿಸತಕ್ಕದ್ದೆಂದು ಮುಂದಕ್ಕೆ ಹಾಕಿರುವರು. ಆ ವರ್ತಕರು ಯಾವಾಗ ಬರುವರೆಂಬುದು ಯಾರಿಗೂ ಗೊತ್ತಿರಲಿಲ್ಲವೆಂದು ಇದರಿಂದ ಊಹಿಸಬಹುದು. ಭಿಕ್ಷುಗಳಿಗೂ ರೇಷ್ಮೆಯಲ್ಲೇ ದಂಡ: ಪೋಷಧದ ದಿನ ಸಂಘಕ್ಕೆ ಬಾರದವನಿಗೆ ಒಂದು ಸುರುಳಿ, ಗೃಹಸ್ಥನ ಉಡುಪಿನಲ್ಲಿ ಬಂದವನಿಗೆ ಒಂದು ಸುರುಳಿ, ಇನ್ನೊಬ್ಬ ಭಿಕ್ಷುವನ್ನು ಹೊಡೆದರೆ ಪೆಟ್ಟಿನ ತೂಕವನ್ನು ನೋಡಿ ಐದು, ಹತ್ತು ಅಥವಾ ಹದಿನೈದು ಸುರುಳಿ. ಈ ಭಿಕ್ಷುಗಳಲ್ಲಿ ಹೆಂಡಿರುಮಕ್ಕಳುಳ್ಳವರೂ, ಹೊಲಗಳನ್ನೂ ದಾಸರನ್ನೂ ಹೊಂದಿದ್ದವರೂ ಇದ್ದರೆಂದು ಬೇರೆ ಹಲಗೆಗಳು ತಿಳಿಸುತ್ತವೆ. ಫಾಹಿಯಾನನು ಎಣಿಸಿದ ನಾಲ್ಕು ಸಾವಿರ ಭಿಕ್ಷುಗಳ ಹಿಂದಿನ ಪೀಳಿಗೆಯವರು ಹೀಗೆ ಎಲ್ಲರಂತೆ ಮನುಷ್ಯರಾಗಿದ್ದರು. ಆದರೂ ಅವರ ಧರ್ಮಶ್ರದ್ಧೆಯು ಬರಿಯ ತೋರಿಕೆಯದಲ್ಲ. ಅದೇ ರಾಜ್ಯದ ಮೀರಾನ್ ಎಂಬಲ್ಲಿ ೧೯೦೭ರಲ್ಲಿ ದೊರೆತ ಸ್ತೂಪಾಲಯದ ಗೋಡೆಯಲ್ಲಿ, ಆನೆಯನ್ನೂ ಮಕ್ಕಳನ್ನೂ ದಾನವಾಗಿ ಕೊಟ್ಟ ವಿಶ್ವಂತರ ರಾಜಪುತ್ರನ ಜಾತಕಕಥೆಯನ್ನು ಚಿತ್ರಿಸಿರುವರು.

ಕ್ರೋರಯಿನದ ರಾಜರು ಕುಷಾಣರಂತೆ “ದೇವಪುತ್ರ”ರೆಂದು ಕರೆಸಿಕೊಂಡರು. ಅಂಗೋಕನ ಆಳಿಕೆಯ ಹದಿನೇಳನೆಯ ವರ್ಷದಿಂದ ಆ ದೀರ್ಘವಾದ ಬಿರುದಾವಳಿಯಲ್ಲಿ “ಜಿತುಘ” ಎಂಬ ಹೊಸ ಪದವೊಂದು ಕಾಣಿಸಿಕೊಳ್ಳುತ್ತದೆ. ಚೀನದ ಚಕ್ರವರ್ತಿಯು ಅಧೀನರಾಜರಿಗೆ ಕೊಡುತ್ತಿದ್ದ ಪದವಿಯ ಹೆಸರೇ ಇದೆಂದು ಬ್ರಫ್ ಪಂಡಿತರು ೧೯೬೫ರಲ್ಲಿ ತೋರಿಸಿಕೊಟ್ಟರು. ಎರಡು ಒಡೆತನಗಳ ನಡುವೆ ತೂಗಿಕೊಂಡು ಬದುಕುವ ಹಳೆಯ ಪಾಡು ಇನ್ನೂ ತಪ್ಪಿರಲಿಲ್ಲ.

೫

ಚಡೋತದ ಕೊನೆಯ ಕಾಲದ ಹಲಗೆಗಳಲ್ಲಿ ಭೀತಿಯ ಛಾಯೆಯಿದೆ. ಸುಪಿ ಎಂಬ ಗುಡ್ಡಗಾಡಿನವರು ಮೇಲೆ ಬೀಳುವರೆಂದು ಎಚ್ಚರಿಕೆ. ಖೋತಾನಿನ ಕಡೆಯಿಂದ ಸುಲಿಗೆ. ಅಲ್ಲಿಂದ ಓಡಿಬಂದವರ ವ್ಯವಸ್ಥೆ. ೧೯೦೬ರಲ್ಲಿ ಸ್ಟೈನ್ ಪಂಡಿತರು ಸೋಜಕನೆಂಬ ಅಧಿಕಾರಿಯ ಮನೆಯನ್ನು ಅಗೆಸುತ್ತಿದ್ದಾಗ, ನೆಲದಡಿಯಲ್ಲಿ ಜೋಪಾನವಾಗಿ ಅಡಗಿಸಿಟ್ಟ ದಸ್ತಾವೇಜುಗಳ ರಾಶಿಯೊಂದು ದೊರೆಯಿತು. ಅವುಗಳಲ್ಲಿ ಕೆಲವಕ್ಕೆ ದಾರವೂ ಬಿಚ್ಚಿರಲಿಲ್ಲ, ಮುದ್ರೆಯೂ ಒಡೆದಿರಲಿಲ್ಲ. ಇಟ್ಟವರು ಹಿಂದಿರುಗಿ ಬರುವೆವೆಂದು ನಂಬಿಯೇ ಇಟ್ಟಿದ್ದರು. ಅವರು ಬರಲಿಲ್ಲ, ನದಿಯೂ ಬರಲಿಲ್ಲ. ಲೌಲಾನಿನ ಊರನ್ನೂ ನಾಲ್ಕನೆಯ ಶತಮಾನದಲ್ಲಿ ನೀರು ಬಿಟ್ಟುಹೋಯಿತು. ಲೋಪ್ ನೋರ್ ಸರೋವರವೂ, ಮೇಲ್ಗಡೆಯ ಅಣೆಕಟ್ಟುಗಳು ತಾರಿಮಿನ ನೀರನ್ನು ತಡೆದ ಮೇಲೆ, ಇಪ್ಪತ್ತನೆಯ ಶತಮಾನದ ಎಪ್ಪತ್ತರ ದಶಕದ ಹೊತ್ತಿಗೆ ಸಂಪೂರ್ಣವಾಗಿ ಬತ್ತಿಹೋಯಿತು.

ಇಲ್ಲಿ ಇನ್ನೊಂದು ನಷ್ಟವನ್ನು ಹೇಳದಿದ್ದರೆ ವಿಷಯವು ಅಪೂರ್ಣವಾಗುವುದು. ಹಲಗೆಗಳ ಪ್ರಾಕೃತವು ಆ ಜನರ ಮನೆಮಾತಲ್ಲ. ಅವರು ಆಡುತ್ತಿದ್ದ ಭಾಷೆ ಬೇರೆ. ಅದನ್ನು ಯಾರೂ ಬರೆದಿಡಲಿಲ್ಲ. ಅದರಲ್ಲಿ ಉಳಿದಿರುವುದು ವ್ಯಕ್ತಿಗಳ ಹೆಸರು, ಅಧಿಕಾರಿಗಳ ಪದವಿ, ಒಂದಿಷ್ಟು ಬಿಡಿಮಾತು, ಇಷ್ಟೆ. ಅದು ತೊಖಾರಿ ಭಾಷೆಯ ನಂಟುಳ್ಳದ್ದೆಂದು ಬರೋ ಪಂಡಿತರು ೧೯೩೫ರಲ್ಲಿ ವಾದಿಸಿದರು. ಅದರಲ್ಲಿ ಗಕಾರ, ದಕಾರ, ಬಕಾರಗಳಂಥ ಘೋಷಾಕ್ಷರಗಳಿರಲಿಲ್ಲವೆಂದೂ, ಆದುದರಿಂದಲೇ ದಿವಿರರು ಕೆಲವೆಡೆ ಗಕಾರದ ಸ್ಥಾನದಲ್ಲಿ ಕಕಾರವನ್ನು ಬರೆದು ತಪ್ಪುತ್ತಿದ್ದರೆಂದೂ ಅವರು ಗುರುತಿಸಿದರು. ಒಂದು ಜನಾಂಗದ ತಾಯ್ನುಡಿಯ ದನಿಯು ಅವರ ಕಾಗುಣಿತದ ತಪ್ಪುಗಳಲ್ಲಿ ಮಾತ್ರ ಉಳಿದುಬಂದಿದೆ. ಇದೇ ಬರೋ ಪಂಡಿತರು ಎಮೆನೋ ಪಂಡಿತರೊಡನೆ ಸೇರಿ ೧೯೬೧ರಲ್ಲಿ ಹೊರತಂದ ದ್ರಾವಿಡ ನಿಷ್ಪತ್ತಿಕೋಶದಲ್ಲಿ ಕನ್ನಡದ ಮಾತುಗಳು ಪುಟಪುಟದಲ್ಲಿಯೂ ಕಾಣುತ್ತವೆ. ಬಿಡಿಮಾತುಗಳಷ್ಟೇ ಉಳಿದ ಭಾಷೆಯನ್ನೂ, ಸಾಹಿತ್ಯಸಂಪನ್ನವಾದ ಭಾಷೆಯನ್ನೂ ಅದೇ ಕೈ ತೂಗಿ ನೋಡಿತು.

ಚಡೋತದ ದಿವಿರರು ಪ್ರಾಕೃತದಲ್ಲಿ ಹಲಗೆಗಳನ್ನು ಬರೆಯುತ್ತಿದ್ದ ಕಾಲದ ಆಸುಪಾಸಿನಲ್ಲಿಯೇ ಕನ್ನಡನಾಡಿನ ಅರಸರ ಶಾಸನಗಳೂ ಪ್ರಾಕೃತದಲ್ಲಿದ್ದುವು. ಶಿಕಾರಿಪುರದ ಸೀಮೆಯ ಮಳವಳ್ಳಿಯ ಕಂಬದ ಬರಹವು ಇದಕ್ಕೆ ನಿದರ್ಶನ. ಆದರೆ ಐದನೆಯ ಶತಮಾನದ ಹೊತ್ತಿಗೆ, ಶಾನ್‌ಶಾನಿನ ಕಡೆಯ ರಾಜನು ಸೆರೆಗೆ ಹೋದ ಸುಮಾರು ಅದೇ ಕಾಲದಲ್ಲಿ, ಹಲ್ಮಿಡಿಯ ಕಲ್ಲಿನ ಮೇಲೆ ಕನ್ನಡವು ತನ್ನ ಮಾತನ್ನು ತಾನೇ ಆಡತೊಡಗಿತು. ಕ್ರೋರಯಿನದ ನುಡಿಗೆ ಆ ಭಾಗ್ಯ ಬರಲಿಲ್ಲ. ಪ್ರಾಕೃತವು ಅದನ್ನು ಕೊಂದಿತೆಂದು ದೂರುವುದು ನ್ಯಾಯವಲ್ಲ; ಪ್ರಾಕೃತವಿಲ್ಲದಿದ್ದರೆ ಲಿಪೆಯನ ಮೊರೆಯೂ ಕೇಳಿಸುತ್ತಿರಲಿಲ್ಲ. ಬರಹಕ್ಕೆ ಇಳಿಯದ ಭಾಷೆಯು ಆಡುವ ನಾಲಗೆಗಳೊಡನೆಯೇ ಮಣ್ಣಾಗುವುದೆಂಬುದಷ್ಟೇ ಇದರ ತಾತ್ಪರ್ಯ.

ಆ ನಾಡಿನ ಕ್ರಯಪತ್ರಗಳ ಕೊನೆಯಲ್ಲಿ, ಈ ಬರಹವು ನೂರು ವರ್ಷಗಳ ಕಾಲ ಪ್ರಮಾಣವಾಗಿರತಕ್ಕದ್ದೆಂದು ಬರೆಯುವ ವಾಡಿಕೆಯಿದ್ದಿತು. ಹೊಲವನ್ನು ಕೊಂಡವನೂ ಮಾರಿದವನೂ ಹೋದರು. ಹೊಲವೂ ಹೋಯಿತು, ರಾಜ್ಯವೂ ಹೋಯಿತು. ತಲೆಯೆಣಿಸಿದ ಚೀನದ ಲೆಕ್ಕಿಗನ ಅಂಕಿಗಳಿಗೆ ಮಾಂಸವನ್ನೂ ಉಸಿರನ್ನೂ ತುಂಬುತ್ತ, ಆ ಹಲಗೆಗಳು ಮಾತ್ರ ಇಂದಿಗೂ ಪ್ರಮಾಣವಾಗಿ ನಿಂತಿವೆ.